ಬಾತುಕೋಳಿ ಬಂದೂಕಿನ ಗುರಿ ತಪ್ಪಿಸಿದ್ದು ಯಾರು?

ತೊಂಬತ್ತರ ದಶಕದಲ್ಲಿ ಸಣ್ಣ ಪೇಟೆಗಳಿಗೂ ಬಂದ ಕ್ಯಾಸೆಟ್ ವಿಡಿಯೊ ಗೇಮಿನ ಡಬ್ಬದಲ್ಲಿ ಎರಡು ಕೈಗುಂಡಿ ಹಲಗೆಗಳ ಜೊತೆ ಎಷ್ಟೋ ಸಲ ಒಂದು ಪ್ಲಾಸ್ಟಿಕ್ ಬಂದೂಕೂ ಇರುತ್ತಿತ್ತು. ಜಪಾನಿನ ನಿಂಟೆಂಡೊ ಕಂಪನಿ 1983ರಲ್ಲಿ ಹೊರತಂದ ಫ್ಯಾಮಿಕಾಮ್ ಯಂತ್ರದ ನಕಲುಗಳು ಅವು. ಕ್ಯಾಸೆಟ್ಟಿನ ಮೇಲೆ ಲಕ್ಷಗಟ್ಟಲೆ ಆಟಗಳಿವೆ ಎಂದು ಅಚ್ಚಾಗಿರುತ್ತಿತ್ತು, ಒಳಗೆ ಇದ್ದ ಹತ್ತೋ ಹದಿನೈದೋ ಆಟಗಳೇ ಮತ್ತೆ ಮತ್ತೆ ಸುತ್ತಿ ಬರುತ್ತಿದ್ದವು. ಅವುಗಳಲ್ಲಿ ಒಂದು ಹುಲ್ಲಿನ ಮರೆಯಿಂದ ಹಾರುವ ಬಾತುಕೋಳಿಗೆ ಗುರಿಯಿಡುವ ಆಟ, 1984ರ ‘ಡಕ್ ಹಂಟ್’. ಅಂಥ ಪೆಟ್ಟಿಗೆಯನ್ನು ಇಂದು ಅಟ್ಟದಿಂದ ಇಳಿಸಿ ಗೋಡೆಯ ಸ್ಮಾರ್ಟ್ ಟಿ.ವಿ.ಗೆ ಜೋಡಿಸಿದರೆ ಉಳಿದ ಆಟಗಳು ಹೇಗೋ ನಡೆಯುತ್ತವೆ. ಬಾತುಕೋಳಿ ಮಾತ್ರ ಸಾಯುವುದಿಲ್ಲ. ಬಂದೂಕಿನ ನಳಿಗೆಯನ್ನು ಗಾಜಿಗೆ ಒತ್ತಿ ಹಿಡಿದು ಕುದುರೆ ಎಳೆದರೂ ಹಕ್ಕಿ ಹಾರಿಹೋಗುತ್ತದೆ. ಬಂದೂಕು ಕೆಟ್ಟಿಲ್ಲ, ಆಡುವವನ ಕೈಯೂ ನಡುಗಿಲ್ಲ. ಟಿ.ವಿ. ತಡ ಮಾಡುತ್ತಿದೆ. ಇಂದಿನ ಟಿ.ವಿ.ಗಳ ಸೆಟ್ಟಿಂಗ್ಸಿನ ಆಳದಲ್ಲಿ ‘ಗೇಮ್ ಮೋಡ್’ ಎಂಬ ಬಾಗಿಲು ಯಾಕೆ ಬಂತು ಎಂಬುದಕ್ಕೆ ಈ ಸತ್ತ ಬಂದೂಕಿಗಿಂತ ಒಳ್ಳೆಯ ಸಾಕ್ಷಿ ಸಿಗಲಾರದು.

ಆ ಬಂದೂಕಿನಿಂದ ಏನೂ ಹೊರಡುತ್ತಿರಲಿಲ್ಲ. ಅದರ ತುದಿಯಲ್ಲಿದ್ದದ್ದು ಬೆಳಕು ನೋಡುವ ಒಂದು ಕಣ್ಣು. ಕುದುರೆ ಎಳೆದ ತಕ್ಷಣ ಯಂತ್ರವು ಪರದೆಯನ್ನೆಲ್ಲ ಕಪ್ಪು ಮಾಡಿ, ಮರು ಚಿತ್ರದಲ್ಲಿ ಹಕ್ಕಿ ಇದ್ದ ಜಾಗದಲ್ಲಿ ಮಾತ್ರ ಬಿಳಿ ಚೌಕ ಬಿಡಿಸುತ್ತಿತ್ತು. ಮೊದಲು ಕತ್ತಲು, ಬೆನ್ನಿಗೇ ಬೆಳಕು ಕಂಡರೆ ಗುರಿ ತಾಗಿದಂತೆ. ಎಲ್ಲವೂ ಸೆಕೆಂಡಿನ ಒಂದು ಚೂರಿನಲ್ಲಿ ಮುಗಿಯುತ್ತಿದ್ದರಿಂದ ಮನುಷ್ಯನ ಕಣ್ಣಿಗೆ ಒಂದು ಮಿಣುಕು ಬಿಟ್ಟು ಬೇರೇನೂ ಕಾಣುತ್ತಿರಲಿಲ್ಲ. 1972ರ ‘ಒಡಿಸ್ಸಿ’ ಆಟದ ಯಂತ್ರದ ಬಂದೂಕನ್ನು ಬಲ್ಬಿಗೆ ತೋರಿಸಿ ಮೋಸ ಮಾಡಬಹುದಿತ್ತು. ನಿಂಟೆಂಡೊ ಬಂದೂಕು ಅಷ್ಟು ಪೆದ್ದಲ್ಲ. ಪಿಕ್ಚರ್ ಟ್ಯೂಬಿನಲ್ಲಿ ಗೆರೆಯ ಮೇಲೆ ಗೆರೆ ಎಳೆಯುವ ಕಿರಣದ ಮಿಡಿತವನ್ನೂ ಅದು ಗುರುತಿಸುತ್ತಿತ್ತು. ಈ ಜಾಣತನವೆಲ್ಲ ನಿಂತಿದ್ದುದು ಒಂದು ನಂಬಿಕೆಯ ಮೇಲೆ: ಯಂತ್ರ ಕಳಿಸಿದ ಚಿತ್ರ ಆ ಗಳಿಗೆಯಲ್ಲೇ ಗಾಜಿನ ಮೇಲೆ ಮೂಡುತ್ತದೆ. ಹಳೆಯ ಡಬ್ಬಾ ಟಿ.ವಿ. ಆ ನಂಬಿಕೆಯನ್ನು ಉಳಿಸಿಕೊಂಡಿತ್ತು. ಚಿತ್ರವನ್ನು ಕೂಡಿಟ್ಟುಕೊಳ್ಳಲು ಅದರೊಳಗೆ ಜಾಗವೇ ಇರಲಿಲ್ಲ. ಬಂದದ್ದನ್ನು ಬಂದ ಹಾಗೆ ಗಾಜಿಗೆ ಎರಚುವುದಷ್ಟೇ ಅದಕ್ಕೆ ಗೊತ್ತು.

ಕೈ ಆಡಿದಂತೆ ಪರದೆ ಆಡುವುದು ನಮ್ಮ ಕೊಪ್ಪಳ ಸೀಮೆಗೆ ಹೊಸ ಮಾತಲ್ಲ. ತೊಗಲು ಗೊಂಬೆಯಾಟಕ್ಕೆ 2025ರ ಪದ್ಮಶ್ರೀ ಪಡೆದ ಭೀಮವ್ವ ಶಿಳ್ಳೇಕ್ಯಾತರ ಅವರು ಇದೇ ಜಿಲ್ಲೆಯ ಮೋರನಾಳದವರು. ಬಿಳಿ ಪರದೆ, ಹಿಂದೆ ದೀಪ, ನಡುವೆ ಬಣ್ಣದ ತೊಗಲು. ಕಡ್ಡಿ ತಿರುವಿದ ಕ್ಷಣಕ್ಕೇ ಎದುರು ಕುಳಿತವರಿಗೆ ಭೀಮನ ಗದೆ ಏಳುತ್ತದೆ. ವಿದ್ಯುತ್ತಿನ ಪರದೆಯೂ ಈ ಭಾಗಕ್ಕೆ ಬೆಂಗಳೂರಿಗಿಂತ ಮೊದಲೇ ಬಂತು. 1975ರ ಆಗಸ್ಟ್ 1ರಿಂದ ಒಂದು ವರ್ಷ ನಡೆದ ಉಪಗ್ರಹ ಬೋಧನಾ ಪ್ರಯೋಗ ‘ಸೈಟ್’ಗೆ ಆಯ್ಕೆಯಾದ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಲ್ಲಿ ಕರ್ನಾಟಕದವು ರಾಯಚೂರು, ಗುಲ್ಬರ್ಗ, ಬಿಜಾಪುರ ಜಿಲ್ಲೆಗಳಲ್ಲಿದ್ದವು. ಕೊಪ್ಪಳ ಜಿಲ್ಲೆಯಾದದ್ದು 1997ರಲ್ಲಿ. ಅದಕ್ಕೆ ಮೊದಲು ಕಾರಟಗಿ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಎಲ್ಲವೂ ರಾಯಚೂರಿಗೇ ಸೇರಿದ್ದವು. ಕೋಳಿ ಗೂಡಿಗೆ ಹೊದಿಸುವಂಥ ಜಾಲರಿಯಿಂದ ಮಾಡಿದ ಮೂರು ಮೀಟರಿನ ಛತ್ರಿ, ಹೈದರಾಬಾದಿನ ಇಸಿಐಎಲ್ ತಯಾರಿಸಿದ ಸೆಟ್ಟು, ಮೇಲೆ ಅಮೆರಿಕದಿಂದ ಎರವಲು ಬಂದ ಎಟಿಎಸ್-6 ಉಪಗ್ರಹ. ಬೆಂಗಳೂರಿಗೆ ದೂರದರ್ಶನ ಬಂದದ್ದು 1981ರಲ್ಲಿ.

ಇಲ್ಲಿ ಒಂದು ಸೋಜಿಗವಿದೆ. ಅಹಮದಾಬಾದಿನಿಂದ ಹೊರಟ ಚಿತ್ರ ಸುಮಾರು 36,000 ಕಿಲೊಮೀಟರ್ ಮೇಲೇರಿ ಅಷ್ಟೇ ಕೆಳಗಿಳಿದು ಹಳ್ಳಿಯ ಶಾಲೆ ಮುಟ್ಟಬೇಕು. ಬೆಳಕಿನ ವೇಗದಲ್ಲಿ ಹೊರಟರೂ ಅದಕ್ಕೆ ಕಾಲು ಸೆಕೆಂಡು ಬೇಕು. ಇಂದಿನ ಸ್ಮಾರ್ಟ್ ಟಿ.ವಿ. ಮಾಡುವ ತಡಕ್ಕಿಂತ ಇದು ಹೆಚ್ಚು. ಆದರೂ ಆ ವರ್ಷ ಯಾವ ಹಳ್ಳಿಯವನಿಗೂ ಚಿತ್ರ ತಡವೆನಿಸಲು ಕಾರಣವಿರಲಿಲ್ಲ, ಏಕೆಂದರೆ ಯಾರೂ ಗುಂಡಿ ಒತ್ತುತ್ತಿರಲಿಲ್ಲ. ನೋಡುವವನಿಗೆ ತಡವೆಂಬುದೇ ಇಲ್ಲ, ಆಡುವವನಿಗೆ ಮಾತ್ರ ಇದೆ. ಈ ಭೇದ ಹಿಡಿದುಕೊಳ್ಳದೆ ಗೇಮ್ ಮೋಡಿನ ಕಥೆ ಅರ್ಥವಾಗದು. ‘ಸೀರಿಯಲ್ ಚೆನ್ನಾಗೇ ಕಾಣುತ್ತದಲ್ಲ, ಟಿ.ವಿ.ಗೆ ಏನಾಗಿದೆ?’ ಎಂದು ಹಿರಿಯರು ಕೇಳುವುದೂ, ‘ಬಾಲ್ ಬಂದ ಮೇಲೆ ಬ್ಯಾಟ್ ಏಳುತ್ತದೆ’ ಎಂದು ಹುಡುಗರು ಗೊಣಗುವುದೂ ಎರಡೂ ನಿಜವಾಗಿರುವುದು ಇದರಿಂದಲೇ.

ತಡ ಹೇಗೆ ಶುರುವಾಯಿತು? ಡಬ್ಬಾ ಹೋಗಿ ಹಲಗೆ ಬಂದಾಗ ಒಂದು ಹೊಸ ತೊಡಕು ಬಂತು. ಎಲ್‌ಸಿಡಿ ಪರದೆ ಪ್ರತಿ ಚಿತ್ರವನ್ನೂ ಮುಂದಿನದು ಬರುವವರೆಗೆ ಅಲುಗದೆ ಹಿಡಿದಿಡುತ್ತದೆ. ಓಡುವ ವಸ್ತುವನ್ನು ಹಿಂಬಾಲಿಸುವ ಕಣ್ಣಿಗೆ ಅದು ಬಳಿದಂತೆ, ಮಸುಕಾಗಿ ಕಾಣುತ್ತದೆ. ಇದಕ್ಕೆ ಮದ್ದೆಂದು ಕಂಪನಿಗಳು ಎರಡು ಚಿತ್ರಗಳ ನಡುವೆ ತಾವೇ ಒಂದು ಚಿತ್ರ ಕಲ್ಪಿಸಿ ಸೇರಿಸತೊಡಗಿದವು. ನಡುವಿನ ಚಿತ್ರ ಬರೆಯಬೇಕಾದರೆ ಮುಂದಿನ ಚಿತ್ರ ಕೈಗೆ ಬಂದಿರಲೇಬೇಕು. ಅದು ಬರುವ ತನಕ ಮೊದಲಿನದನ್ನು ತಡೆದು ನಿಲ್ಲಿಸಬೇಕು. ತಡ ಇಲ್ಲಿಯೇ ಹುಟ್ಟುತ್ತದೆ. ಇದರ ಮೇಲೆ ಮಚ್ಚೆ ಅಳಿಸುವುದು, ಅಂಚು ಹರಿತ ಮಾಡುವುದು, ಸಣ್ಣ ಚಿತ್ರವನ್ನು ಹಿಗ್ಗಿಸುವುದು, ಬಣ್ಣ ಉಕ್ಕಿಸುವುದು. ದೊಡ್ಡಾಟದ ಪಾತ್ರಧಾರಿ ಮುಖಕ್ಕೆ ಬಣ್ಣ ಹಚ್ಚಿಕೊಂಡು ಕಿರೀಟ ಕಟ್ಟಿಸಿಕೊಳ್ಳುವವರೆಗೆ ಜನ ಕಾಯಬೇಕಲ್ಲ, ಹಾಗೆ ಪ್ರತಿ ಚಿತ್ರವೂ ವೇಷ ಮುಗಿಸಿಯೇ ಪರದೆಗೆ ಬರುತ್ತದೆ. ಎಲ್ಲ ಸೇರಿ ಸೆಕೆಂಡಿನ ಹತ್ತನೆಯ ಒಂದು ಪಾಲು ಕಳೆಯುವುದು ಅಪರೂಪವಲ್ಲ. ನ್ಯಾಯವಾಗಿ ಹೇಳಬೇಕೆಂದರೆ, ಈ ಚಟ ಹಲಗೆ ಟಿ.ವಿ.ಗೇ ಅಂಟಿದ್ದಲ್ಲ, ತೊಂಬತ್ತರ ದಶಕದಲ್ಲೇ ದುಬಾರಿ 100 ಹರ್ಟ್ಸ್ ಡಬ್ಬಾ ಟಿ.ವಿ.ಗಳೂ ಚಿತ್ರ ಕೂಡಿಡಲು ಕಲಿತಿದ್ದವು. ಆದರೆ ಅವು ನಮ್ಮ ಸಣ್ಣ ಊರುಗಳ ಪಡಸಾಲೆಗೆ ಬಂದದ್ದು ಕಡಿಮೆ.

ಹತ್ತನೆಯ ಒಂದು ಪಾಲು ಯಾವ ಲೆಕ್ಕ ಎಂಬ ಆಕ್ಷೇಪಕ್ಕೆ ಕ್ರಿಕೆಟ್ಟಿನ ಲೆಕ್ಕವೇ ಸಾಕು. ಗಂಟೆಗೆ 140 ಕಿಲೊಮೀಟರ್ ವೇಗದ ಚೆಂಡು ಅಷ್ಟು ಹೊತ್ತಿಗೆ ಹೆಚ್ಚುಕಡಿಮೆ ನಾಲ್ಕು ಮೀಟರ್ ಸರಿಯುತ್ತದೆ. ಪಿಚ್ ಇರುವುದೇ ಇಪ್ಪತ್ತು ಮೀಟರ್. ಆಡುವವನು ನೋಡುತ್ತಿರುವುದು ಚೆಂಡನ್ನಲ್ಲ, ನಾಲ್ಕು ಮೀಟರ್ ಹಿಂದಿದ್ದ ಚೆಂಡಿನ ನೆರಳನ್ನು. ಇದು ಬಯಲಿಗೆ ಬಂದದ್ದು ಮಾತ್ರ ಕ್ರಿಕೆಟ್ಟಿನಿಂದಲ್ಲ, ಗಿಟಾರಿನಿಂದ. ಪರದೆಯ ತಾಳಕ್ಕೆ ಗುಂಡಿ ಒತ್ತುವ ‘ಗಿಟಾರ್ ಹೀರೊ’ 2005ರಲ್ಲಿ ಬಂತು, ಹೊಸ ಟಿ.ವಿ.ಗಳ ಮುಂದೆ ತಾಳ ತಪ್ಪಿ ಒದ್ದಾಡಿದವರು ಅನೇಕರು. ಬಂದೂಕಿನಲ್ಲಾದರೆ ತನ್ನ ಗುರಿಯೇ ಕೆಟ್ಟಿತೆಂದು ಸುಮ್ಮನಾಗಬಹುದು, ತಾಳ ತಪ್ಪಿದರೆ ಕಿವಿ ಬಿಡುವುದಿಲ್ಲ. 2008ರ ‘ರಾಕ್ ಬ್ಯಾಂಡ್ 2’ ಆಟದ ಗಿಟಾರಿನೊಳಗೆ ಒಂದು ಮೈಕನ್ನೂ ಒಂದು ಬೆಳಕಿನ ಕಣ್ಣನ್ನೂ ಕೂರಿಸಿದರು. ಗಿಟಾರನ್ನು ಪರದೆಗೆ ಎದುರಾಗಿ ಹಿಡಿದರೆ ಪರದೆ ಮಿನುಗುತ್ತದೆ, ಗಿಟಾರು ಆ ಮಿನುಗು ಎಷ್ಟು ತಡವಾಗಿ ಬಂತೆಂದು ಅಳೆದು ಆಟಕ್ಕೆ ತಿಳಿಸುತ್ತದೆ. ಬಾತುಕೋಳಿ ಬಂದೂಕಿನ ಕಣ್ಣು ಇಪ್ಪತ್ತನಾಲ್ಕು ವರ್ಷದ ಮೇಲೆ ಹೀಗೆ ಮರಳಿತು. ಮೊದಲಿನ ಕೆಲಸ ಹಕ್ಕಿ ಹುಡುಕುವುದು, ಈಗಿನದು ಟಿ.ವಿ.ಯ ಸೋಮಾರಿತನ ಹಿಡಿಯುವುದು. ಆಟದ ಕಂಪನಿಯೊಂದು ಟಿ.ವಿ. ಕಂಪನಿಯ ತಪ್ಪಿಗೆ ತನ್ನ ಖರ್ಚಿನಲ್ಲಿ ತೇಪೆ ಹಾಕಿದ ಪ್ರಸಂಗ ಇದು.

ಗೇಮ್ ಮೋಡ್ ಎಂದರೆ ಈ ವೇಷಭೂಷಣವನ್ನು ಕಳಚುವ ಗುಂಡಿ. ಅದನ್ನು ಒತ್ತಿದಾಗ ಟಿ.ವಿ. ಹೊಸತೇನನ್ನೂ ಮಾಡುವುದಿಲ್ಲ, ಮಾಡುತ್ತಿದ್ದುದನ್ನು ನಿಲ್ಲಿಸುತ್ತದೆ. ಒಳ್ಳೆಯ ಟಿ.ವಿ.ಗಳಲ್ಲಿ ತಡ ಆಗ ಹತ್ತು ಇಪ್ಪತ್ತು ಮಿಲಿಸೆಕೆಂಡಿಗೆ ಇಳಿಯುತ್ತದೆ. ಇಷ್ಟನ್ನು ಒಂದು ‘ವಿಶೇಷ ಸೌಲಭ್ಯ’ ಎಂದು ಡಬ್ಬದ ಮೇಲೆ ಅಚ್ಚು ಹಾಕಿ ಮಾರುವುದೇ ಸಿಟ್ಟು ತರಿಸುವ ಸಂಗತಿ. ನಲ್ಲಿಗೆ ತಾವೇ ತುರುಕಿದ ಬಟ್ಟೆ ತೆಗೆದು, ನೀರು ಬಂತು ನೋಡಿ ಎಂದಂತೆ. 2017ರ ನವೆಂಬರಿನಲ್ಲಿ ಬಂದ, ಟಿ.ವಿ.ಗೆ ಯಂತ್ರ ಜೋಡಿಸುವ ತಂತಿಯ ಎಚ್‌ಡಿಎಂಐ 2.1 ನಿಯಮಾವಳಿ, ಆಟದ ಯಂತ್ರವೇ ಟಿ.ವಿ.ಗೆ ಸೂಚನೆ ಕಳಿಸಿ ಗೇಮ್ ಮೋಡ್ ತಾನಾಗಿ ಹೊತ್ತಿಕೊಳ್ಳುವ ಏರ್ಪಾಡನ್ನು ಸೇರಿಸಿತು. ಆದರೆ ಯಂತ್ರವೂ ಟಿ.ವಿ.ಯೂ ಎರಡೂ ಅದನ್ನು ಅರಿತಿರಬೇಕು. ಅಗ್ಗದ ಸೆಟ್ಟುಗಳಲ್ಲಿ ಅದಿಲ್ಲದಿರುವುದೇ ಹೆಚ್ಚು, ಕೈಯಾರೆ ಹುಡುಕಬೇಕು.

ವೇಷವೆಲ್ಲ ಮೋಸವೇ ಎಂದರೆ ಅದೂ ಅತಿಯಾದೀತು. ಸಣ್ಣ ಊರಿನ ಕೇಬಲ್ಲಿನಲ್ಲಿ ಬರುವ ಹಳೆ ಗುಣಮಟ್ಟದ ಚಾನೆಲನ್ನು 55 ಇಂಚಿನ ಪರದೆಗೆ ಹಿಗ್ಗಿಸಿದಾಗ ಚೌಕಚೌಕವಾಗಿ ಒಡೆಯುತ್ತದೆ. ಮಚ್ಚೆ ಅಳಿಸುವ, ಅಂಚು ತಿದ್ದುವ ಲೆಕ್ಕಾಚಾರ ಅಲ್ಲಿ ನಿಜಕ್ಕೂ ಉಪಕಾರಿ. ಗೇಮ್ ಮೋಡಿನಲ್ಲಿ ಸೀರಿಯಲ್ ನೋಡಿದರೆ ಬಡವಾಗಿ ಕಾಣಬಹುದು. ಹಾಗಾದರೆ ವಾದ ಬೀಳುತ್ತದೆಯೇ? ಇಲ್ಲ. ಬಹುಪಾಲು ಟಿ.ವಿ.ಗಳು ಬೆನ್ನಿನಲ್ಲಿ ತಂತಿ ಸಿಕ್ಕಿಸುವ ಒಂದೊಂದು ತೂತಿಗೂ ಬೇರೆ ಬೇರೆ ಸೆಟ್ಟಿಂಗ್ ನೆನಪಿಡಬಲ್ಲವು. ಕೇಬಲ್ಲಿನ ತೂತಿಗೆ ಬಣ್ಣ ಇರಲಿ, ಆಟದ ತೂತಿಗೆ ಬೇಡ. ಅಂಗಡಿಯ ಸಾಲುದೀಪದ ಕೆಳಗೆ ಎದ್ದು ಕಾಣಲೆಂದು ಕೂರಿಸಿದ ‘ವಿವಿಡ್’ ಎಂಬ ಕಣ್ಣು ಕುಕ್ಕುವ ಬಣ್ಣ ಮನೆಯಲ್ಲಿ ಯಾವ ತೂತಿಗೂ ಬೇಕಿಲ್ಲ.

ಇನ್ನೊಂದು ಆಕ್ಷೇಪ ಹೆಚ್ಚು ಗಟ್ಟಿಯಾದದ್ದು: ಕಾರಟಗಿಯಂಥ ಭತ್ತದ ಬಯಲಿನ, ಅಕ್ಕಿ ಗಿರಣಿಗಳ ಊರಿನಲ್ಲಿ ದುಬಾರಿ ಆಟದ ಯಂತ್ರ ಎಷ್ಟು ಮನೆಯಲ್ಲಿದ್ದೀತು, ಹುಡುಗರೆಲ್ಲ ಆಡುವುದು ಮೊಬೈಲಿನಲ್ಲಿ ತಾನೇ? ಹೌದು, ಮೊಬೈಲಿನಲ್ಲೇ. ಅದರಿಂದಲೇ ಟಿ.ವಿ.ಯ ತಡ ಹೆಚ್ಚು ಎದ್ದು ಕಾಣುವುದು. ಬೆರಳು ತಾಗಿದ ಗಳಿಗೆಗೆ ಓಗೊಡುವ ಗಾಜಿಗೆ ಒಗ್ಗಿದ ಕೈ, ದೊಡ್ಡ ಪರದೆಯ ಮುಂದೆ ಬಂದಾಗ ಮುಗ್ಗರಿಸುತ್ತದೆ. ಮೊಬೈಲಿನ ಆಟವನ್ನು ತಂತಿಯಿಲ್ಲದೆ ಟಿ.ವಿ.ಗೆ ಬಿಂಬಿಸಿದರಂತೂ ಚಿತ್ರವನ್ನು ಹಿಂಡಿ, ಗಾಳಿಯಲ್ಲಿ ಕಳಿಸಿ, ಮತ್ತೆ ಬಿಡಿಸುವ ತಡ ಬೇರೆ ಸೇರುತ್ತದೆ. ಅದನ್ನು ಗೇಮ್ ಮೋಡ್ ಕೂಡ ತೀರಿಸಲಾರದು, ತಂತಿಯೇ ಬೇಕು.

ಆಟದ ಹುಡುಗರು ವರ್ಷಗಟ್ಟಲೆ ಗೊಣಗಿದಾಗ ಜಗತ್ತು ಕಿವಿಗೊಡಲಿಲ್ಲ. 2018ರ ಡಿಸೆಂಬರಿನಲ್ಲಿ ನಟ ಟಾಮ್ ಕ್ರೂಸ್, ನಿರ್ದೇಶಕ ಕ್ರಿಸ್ಟೋಫರ್ ಮೆಕ್ವಾರಿ ಅವರನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡು, ಸಿನಿಮಾ ನೋಡುವ ಮೊದಲು ನಡುಚಿತ್ರ ಸೇರಿಸುವ ಈ ಸೆಟ್ಟಿಂಗನ್ನು ಆಫ್ ಮಾಡಿ ಎಂದು ವಿಡಿಯೊದಲ್ಲಿ ಬೇಡಿಕೊಂಡಾಗ ಅದು ಸುದ್ದಿಯಾಯಿತು. ಸೆಕೆಂಡಿಗೆ 24 ಚಿತ್ರದ ಸಿನಿಮಾ ನಡುವೆ ಹುಟ್ಟಿಸಿದ ಚಿತ್ರಗಳಿಂದಾಗಿ ಧಾರಾವಾಹಿಯ ಹಾಗೆ ಜಾರುತ್ತದೆಂಬುದು ಅವರ ಅಳಲು. ಮರುವರ್ಷದ ಆಗಸ್ಟಿನಲ್ಲಿ ಮಾರ್ಟಿನ್ ಸ್ಕಾರ್ಸೆಸಿ, ಕ್ರಿಸ್ಟೋಫರ್ ನೋಲನ್ ಅಂಥವರ ಬೆಂಬಲದೊಂದಿಗೆ ‘ಫಿಲ್ಮ್‌ಮೇಕರ್ ಮೋಡ್’ ಘೋಷಣೆಯಾಯಿತು. ಹೆಸರು ಬೇರೆ, ಕೆಲಸ ಅರ್ಧಕ್ಕರ್ಧ ಅದೇ: ಕೈ ಹಾಕಬೇಡ, ಬಂದದ್ದನ್ನು ತೋರಿಸು. ಇದೇ ನಡುಚಿತ್ರದ ತಂತ್ರವನ್ನು ಸೋನಿ ‘ಮೋಷನ್‌ಫ್ಲೋ’ ಎಂದಿತು, ಎಲ್‌ಜಿ ‘ಟ್ರೂಮೋಷನ್’ ಎಂದಿತು, ಸ್ಯಾಮ್‌ಸಂಗ್ ‘ಆಟೊ ಮೋಷನ್ ಪ್ಲಸ್’ ಎಂದಿತು. ಹಳೆಯ ಡಬ್ಬಾದ ಬ್ರೈಟ್‌ನೆಸ್, ಕಾಂಟ್ರಾಸ್ಟ್ ತಿರುಪುಗಳನ್ನು ಇಂಗ್ಲಿಷ್ ಬಾರದ ಅಜ್ಜಿಯೂ ಕೈಯಿಂದ ತಿರುವಿ ಅರಿಯಬಹುದಿತ್ತು. ಒಂದೇ ರೋಗಕ್ಕೆ ಮೂರು ಹೆಸರಿಟ್ಟು ಐದು ಪುಟ ಒಳಗೆ ಬಚ್ಚಿಟ್ಟರೆ ಓದಿದವರಿಗೂ ದಾರಿ ಸಿಗುವುದಿಲ್ಲ.

ಹಾಗಾಗಿ ಈ ಮಾತು ಗೋಡೆಗೆ ಟಿ.ವಿ. ಕೂರಿಸಲು ಮೊಳೆ, ಡ್ರಿಲ್ಲು ಹಿಡಿದು ಬರುವವರಿಗೆ. ಮನೆಯಲ್ಲಿ ಆಟದ ಯಂತ್ರವಿದ್ದರೆ, ಅದು ಸೇರಿಸಿರುವ ತೂತನ್ನು ಆರಿಸಿಕೊಂಡು ಪಿಕ್ಚರ್ ಮೋಡನ್ನು ‘ಗೇಮ್’ಗೆ ತನ್ನಿ. ಶಾರ್ಪ್‌ನೆಸ್ ತಗ್ಗಿಸಿ, ನಾಯ್ಸ್ ರಿಡಕ್ಷನ್ ಆಫ್ ಮಾಡಿ. ಚಿತ್ರದ ಅಂಚು ಕತ್ತರಿಸಿ ಹೋಗುತ್ತಿದ್ದರೆ ಅದು ಡಬ್ಬಾ ಕಾಲದ ಓವರ್‌ಸ್ಕ್ಯಾನ್ ಪಳೆಯುಳಿಕೆ, ಅಳತೆಯನ್ನು ಮೂಲಕ್ಕೆ ತನ್ನಿ. ಕಪ್ಪು ಬೂದಿಯಂತೆ ಕಂಡರೆ, ಇಲ್ಲವೇ ಕತ್ತಲಲ್ಲಿ ಏನೂ ಕಾಣದಿದ್ದರೆ, ಬ್ಲ್ಯಾಕ್ ಲೆವೆಲ್ ಯಂತ್ರದಲ್ಲೂ ಟಿ.ವಿ.ಯಲ್ಲೂ ಒಂದೇ ಇದೆಯೇ ನೋಡಿ. ಎಚ್‌ಡಿಆರ್ ಇದ್ದು ‘ಎಚ್‌ಜಿಐಜಿ’ ಎಂಬ ಆಯ್ಕೆ ಕಂಡರೆ ಅದನ್ನೇ ಹಾಕಿ, ಬೆಳಕಿನ ಲೆಕ್ಕ ಯಂತ್ರವೊಂದೇ ಮಾಡಲಿ. ಐದು ನಿಮಿಷದ ಕೆಲಸ. ಅಟ್ಟದ ಮೇಲಿನ ಆ ಬಂದೂಕು ಮಾತ್ರ ಇಷ್ಟೆಲ್ಲ ಮಾಡಿದರೂ ಹಕ್ಕಿ ಹೊಡೆಯುವುದಿಲ್ಲ. ತಡ ಇಲ್ಲವಾದರೂ ಅದಕ್ಕೆ ಗೆರೆ ಎಳೆಯುವ ಕಿರಣವೇ ಬೇಕು, ಗುಜರಿಗೆ ಹಾಕದೆ ಉಳಿದ ಡಬ್ಬಾ ಟಿ.ವಿ.ಯೇ ಬೇಕು.