ರೂಮಿನಲ್ಲಿ ನಾಲ್ಕು ಜನ, ಆದರೂ ಒಂಟಿ

ಅತ್ತಿಬೆಲೆಯ ಕಾರ್ಖಾನೆಯೊಂದರಲ್ಲಿ ದುಡಿಯುವ ಓದುಗರೊಬ್ಬರು ಕೇಳಿದ್ದಾರೆ: ‘ಪಿಜಿ ರೂಮಲ್ಲಿ ನಾಲ್ಕು ಜನ, ಕ್ಯಾಂಟೀನಲ್ಲಿ ನೂರಾರು ಜನ. ಆದರೂ ಒಂಟಿ ಅನ್ನಿಸುತ್ತೆ. ಇದೇನು ಕಾಯಿಲೆಯಾ ಸಾರ್?’

ಕಾಯಿಲೆಯಲ್ಲ. ಹೊಟ್ಟೆ ಹಸಿದಂತೆ ಇದೂ ಒಂದು ಹಸಿವು ಎಂದು ಷಿಕಾಗೊ ವಿಶ್ವವಿದ್ಯಾಲಯದ ಜಾನ್ ಕ್ಯಾಸಿಯೊಪ್ಪೊ ವರ್ಷಗಟ್ಟಲೆ ವಾದಿಸಿದರು. ಕೇಳಲು ಚೆಂದ, ಪುರಾವೆ? ಅದನ್ನು ಹುಡುಕಿ ಹೊರಟವರು ಅಮೆರಿಕದ ಎಂಐಟಿಯ ಲಿವಿಯಾ ತೊಮೊವಾ, ರೆಬೆಕಾ ಸ್ಯಾಕ್ಸ್ ತಂಡ. 40 ಮಂದಿಯನ್ನು ಒಂದು ದಿನ 10 ಗಂಟೆ ಉಪವಾಸ ಕೆಡವಿದರು. ಇನ್ನೊಂದು ದಿನ ಅಷ್ಟೇ ಹೊತ್ತು ಕಿಟಕಿಯಿಲ್ಲದ ಕೋಣೆಯಲ್ಲಿ ಒಬ್ಬೊಬ್ಬರನ್ನೇ ಕೂರಿಸಿದರು. ಮೊಬೈಲ್ ಇಲ್ಲ. ಊಟವನ್ನು ಬಾಗಿಲಲ್ಲಿಟ್ಟು ಸಂದೇಶ ಕಳಿಸುತ್ತಿದ್ದರು. ಶೌಚಾಲಯ ಖಾಲಿಯಿದೆಯೇ ಎಂದು ನೋಡಿಕೊಂಡೇ ಹೊರಗೆ ಬಿಡುತ್ತಿದ್ದರು, ಎದುರಿಗೆ ನರಪಿಳ್ಳೆಯೂ ಸಿಗಬಾರದೆಂದು! ಆಮೇಲೆ ಸ್ಕ್ಯಾನ್. ಹಸಿದವರಿಗೆ ತಿಂಡಿಯ ಚಿತ್ರ, ಒಂಟಿಯಾಗಿದ್ದವರಿಗೆ ಜನ ಕೂಡಿ ನಲಿಯುವ ಚಿತ್ರ. ಎರಡೂ ಸಲ ಮಿದುಳಿನ ಸಬ್‌ಸ್ಟಾನ್ಷಿಯಾ ನೈಗ್ರಾ ಎಂಬ ಒಂದೇ ಜಾಗ ಚುರುಕಾಯಿತು. 2020ರಲ್ಲಿ ಇದು ಪ್ರಕಟವಾಯಿತು.

ಆದರೆ ನಮ್ಮ ಓದುಗರು ಅಂಥ ಕೋಣೆಯಲ್ಲಿಲ್ಲವಲ್ಲ? ಇದಕ್ಕೆ ಉತ್ತರ ಹಳೆಯದು. ಬಳಗವಿಲ್ಲದ ಒಂಟಿತನ ಬೇರೆ, ಆಪ್ತರಿಲ್ಲದ ಒಂಟಿತನ ಬೇರೆ. ಒಂದಕ್ಕೆ ಕೊಟ್ಟದ್ದು ಇನ್ನೊಂದನ್ನು ತುಂಬುವುದಿಲ್ಲ ಎಂದು ಸಮಾಜಶಾಸ್ತ್ರಜ್ಞ ರಾಬರ್ಟ್ ವೈಸ್ 1973ರಲ್ಲೇ ಬರೆದಿದ್ದರು. ಅತ್ತಿಬೆಲೆಯ ರೂಮುಗಳಲ್ಲಿ ಬಳಗಕ್ಕೂ ಬರವೇ. ನೈಟ್ ಶಿಫ್ಟ್ ಮುಗಿಸಿದವನು ಮುಸುಕೆಳೆದು ಮಲಗುವಾಗ ಫಸ್ಟ್ ಶಿಫ್ಟಿನವನು ಆಗಲೇ ಮಷೀನಿನ ಮುಂದಿರುತ್ತಾನೆ. ಒಬ್ಬ ರಾಯಚೂರಿನವನು, ಇನ್ನೊಬ್ಬ ಒಡಿಶಾದವನು. ಊರಲ್ಲಿ ಇಂಥವರ ಮಗ, ಭಜನೆಗೆ ತಾಳ ಹಿಡಿಯುವವನು ಎಂಬ ಗುರುತಿತ್ತು. ಇಲ್ಲಿ ಗೇಟಲ್ಲಿ ಪಂಚ್ ಮಾಡುವ ಕಾರ್ಡೇ ಗುರುತು.

ಒಂಟಿತನ ದಿನಕ್ಕೆ 15 ಸಿಗರೇಟು ಸೇದಿದಷ್ಟು ಅಪಾಯ ಎಂಬ ಮಾತನ್ನೂ ನೀವು ಕೇಳಿರಬಹುದು. ಮಂಡ್ಯದ ಹಲ್ಲೆಗೆರೆ ಮೂಲದ ವಿವೇಕ್ ಮೂರ್ತಿ ಅಮೆರಿಕದ ಸರ್ಜನ್ ಜನರಲ್ ಆಗಿದ್ದಾಗ, 2023ರಲ್ಲಿ, ಅದನ್ನು ಮನೆಮಾತಾಗಿಸಿದರು. ನನಗೆ ಅದು ಅತಿ ಅನ್ನಿಸುತ್ತದೆ. ಅದರ ಹಿಂದಿರುವುದು 2010ರಲ್ಲಿ 148 ಅಧ್ಯಯನಗಳನ್ನು ಕಲೆಹಾಕಿದ ಲೆಕ್ಕ. ಅಲ್ಲಿ ಮುಖ್ಯವಾಗಿ ಅಳೆದದ್ದು ಜನಸಂಪರ್ಕವನ್ನು. ಒಂಟಿ ಅನ್ನಿಸುವ ಭಾವ ಅದರ ಒಂದು ತುಣುಕು. ಮೇಲಾಗಿ ಕಾಯಿಲೆ ಬಿದ್ದವರಿಂದ ಜನ ದೂರವಾಗುವುದೂ ಉಂಟು; ಆಗ ಒಂಟಿತನ ಕಾರಣವಲ್ಲ, ಪರಿಣಾಮ.

ಸಿಗರೇಟಿನ ಲೆಕ್ಕ ಬಿಡಿ, ಶಿಫ್ಟ್ ಹಾಕುವವರನ್ನು ಕೇಳಿ ರೂಮ್‌ಮೇಟ್ ಜೊತೆ ಒಂದೇ ಪಾಳಿ ಸಿಗುತ್ತದೆಯೇ ನೋಡಿ. ನಿದ್ದೆ, ಊಟ ವಾರಗಟ್ಟಲೆ ತಪ್ಪಿದ್ದರೆ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಫೋನ್ ಮಾಡಿ. ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡು ಕೊಡಬೇಕಿಲ್ಲ.