ಶಾಂತವೇರಿ ಗೋಪಾಲಗೌಡರು

ಅಳತೆಯ ಪಾತ್ರೆ ಹಿಗ್ಗಿದರೆ ಕಣಜವೆಷ್ಟು ಬೇಗ ಬರಿದಾಗುವುದೆಂಬುದನ್ನು ನಮ್ಮ ವಾಚಕ ಗೃಹಿಣಿಯರಿಗೆ ನಾವು ತಿಳಿಸಬೇಕಾದುದಿಲ್ಲ. ಸಾಗರ ತಾಲ್ಲೂಕಿನ ಕಾಗೋಡಿನಲ್ಲಿ ಗೇಣಿಯ ಭತ್ತವನ್ನಳೆಯುವ ಕೊಳಗದ ತಕರಾರೇ 1951ರಲ್ಲಿ ಸತ್ಯಾಗ್ರಹವಾಗಿ ಬೆಳೆಯಿತು. ಒಡೆಯರ ಕೊಳಗ ದೊಡ್ಡದೆಂಬುದು ಗೇಣಿದಾರರ ದೂರು. ಡಾಕ್ಟರ್ ರಾಮಮನೋಹರ ಲೋಹಿಯಾ ಅವರೂ ಅಲ್ಲಿಗೆ ಬಂದು ಬಂಧಿತರಾದರು. ಆ ಚಳವಳಿಯ ಮುಂದಾಳುಗಳಲ್ಲೊಬ್ಬರು ತೀರ್ಥಹಳ್ಳಿ ಸೀಮೆಯ ಶಾಂತವೇರಿ ಗೋಪಾಲಗೌಡರು. 1942ರ ಚಳವಳಿಯಲ್ಲಿಯೇ ಸೆರೆಮನೆಯನ್ನು ಕಂಡಿದ್ದವರು.

ಮರುವರ್ಷದ ಮಹಾಚುನಾವಣೆಯಲ್ಲಿ, ಇನ್ನೂ ಮೂವತ್ತು ತುಂಬುವ ಮೊದಲೇ, ಸಮಾಜವಾದಿ ಪಕ್ಷದಿಂದ ಅವರು ಮೈಸೂರು ಶಾಸನಸಭೆಯನ್ನು ಹೊಕ್ಕರು. 1957ರಲ್ಲಿ ಸೋತರು, 1962ರಲ್ಲಿಯೂ 1967ರಲ್ಲಿಯೂ ತೀರ್ಥಹಳ್ಳಿಯ ಜನ ಅವರನ್ನೇ ಆರಿಸಿ ಕಳುಹಿಸಿದರು. ಮಂತ್ರಿಪದವಿ ಅವರ ಪಾಲಿಗೆ ಬರಲೇ ಇಲ್ಲ. ಅವರಿಗಿದ್ದುದು ವಿರೋಧಪಕ್ಷದ ಪೀಠ, ಜೊತೆಗೆ ಬಿಡದ ಹಟ: ಭೂಮಿ ಉಳುವವನಿಗೇ ಸಲ್ಲಬೇಕು, ರಾಜ್ಯಭಾರ ಕನ್ನಡದಲ್ಲಿ ನಡೆಯಬೇಕು, ನಾಡಿಗೆ ಕರ್ನಾಟಕವೆಂದೇ ಹೆಸರಾಗಬೇಕು. ಇಂತಹ ಶಾಸಕರನ್ನು ನಾವು ಯಾವ ಮಂತ್ರಿಗಿಂತಲೂ ಕಡಿಮೆಯೆಂದೆಣಿಸಲಾರೆವು.

1972ರ ಜೂನ್ 9ರಂದು ತೀರಿಕೊಂಡಾಗ ಅವರಿಗೆ 49 ವರ್ಷ. 1973ರ ನವೆಂಬರ್ 1ರಂದು ನಾಡು ಕರ್ನಾಟಕವೆನಿಸಿತು. 1974ರ ಮಾರ್ಚ್ 1ರಿಂದ ದೇವರಾಜ ಅರಸು ಸರಕಾರದ ಭೂಸುಧಾರಣೆಯ ತಿದ್ದುಪಡಿ ಜಾರಿಗೆ ಬಂದು, ಗೇಣಿದಾರರು ತಾವು ಉಳುತ್ತಿದ್ದ ನೆಲವನ್ನು ತಮ್ಮ ಹೆಸರಿಗೆ ಮಾಡಿಸಿಕೊಳ್ಳಲು ಅರ್ಜಿ ಹಿಡಿದು ಭೂನ್ಯಾಯಮಂಡಳಿಗಳ ಮುಂದೆ ನಿಂತರು.