ಡರ್ಹಮ್ ಅಂಗಳದ ಎರಡು ಗುಂಡಿಗಳು

ಇಂಗ್ಲೆಂಡಿನ ಈಶಾನ್ಯದ ಡರ್ಹಮ್ ಊರಿನಲ್ಲಿ, ನದಿ ಬಳಸಿ ಹರಿಯುವ ಗುಡ್ಡದ ಮೇಲೆ ಒಂದು ಬದಿಗೆ ಕೆಥೆಡ್ರಲ್ ಇದೆ, ಎದುರು ಬದಿಗೆ ಕೋಟೆ. ನಡುವಿನ ಹುಲ್ಲುಬಯಲಿಗೆ ಪ್ಯಾಲೇಸ್ ಗ್ರೀನ್ ಎಂದು ಹೆಸರು. ಆ ಬಯಲಿನ ಅಂಚಿಗಿರುವ ವಿಶ್ವವಿದ್ಯಾಲಯದ ಗ್ರಂಥಾಲಯಕ್ಕೆ ಒಂದು ಕೆಫೆ ಬೇಕಾಗಿತ್ತು. 2013ರ ನವೆಂಬರಿನಲ್ಲಿ ಒಳ ಅಂಗಳದಲ್ಲಿ ಅಗೆತ ನಡೆದಿತ್ತು. ಇಂಥ ಹಳೆಯ ಜಾಗದಲ್ಲಿ ನೆಲ ಅಗೆಯುವಾಗ ಪುರಾತತ್ವಜ್ಞರು ಪಕ್ಕದಲ್ಲೇ ನಿಂತು ನೋಡುತ್ತಿರಬೇಕು, ಅಲ್ಲಿಯ ಪದ್ಧತಿ ಅದು. ಹಾಗೆ ನಿಂತವರ ಕಣ್ಣಿಗೆ ಮನುಷ್ಯರ ಎಲುಬು ಬಿದ್ದವು. ಕಟ್ಟಡದ ಕೆಲಸ ನಿಂತಿತು.

ಸಿಕ್ಕಿದ್ದು ಎರಡು ಗುಂಡಿ. ಅವುಗಳಲ್ಲಿ ಕನಿಷ್ಠ 17 ಜನ, ಎಣಿಕೆಯ ಲೆಕ್ಕದಲ್ಲಿ ಮೂವತ್ತರ ಸಮೀಪದವರೆಗೂ ಇರಬಹುದು. ನಿಖರವಾಗಿ ಹೇಳಲಾಗದ್ದಕ್ಕೆ ಕಾರಣ, ಮುಂದಿನ ಕಾಲದಲ್ಲಿ ಕಟ್ಟಿದ ಗೋಡೆಗಳು ಗುಂಡಿಗಳನ್ನು ಕತ್ತರಿಸಿಕೊಂಡು ಹೋಗಿದ್ದವು. ಒಬ್ಬನ ಸೊಂಟದಿಂದ ಕೆಳಗಿನ ಭಾಗ ಇದ್ದರೆ ಇನ್ನೊಬ್ಬನ ತಲೆ ಮಾತ್ರ ಇತ್ತು. ಕ್ರೈಸ್ತರಲ್ಲಿ ಹೆಣವನ್ನು ತಲೆ ಪಶ್ಚಿಮಕ್ಕಿರುವಂತೆ, ಕೈಕಾಲು ನೇರ ಮಾಡಿ ಮಲಗಿಸುವುದು ರೂಢಿ. ಇಲ್ಲಿ ಆ ಕ್ರಮದ ಸುಳಿವಿಲ್ಲ. ಒಬ್ಬರ ಮೇಲೊಬ್ಬರನ್ನು ಗುಂಡಿಗೆ ಉರುಳಿಸಿ ಮಣ್ಣು ಮುಚ್ಚಿದ್ದರು. ಕೆಥೆಡ್ರಲಿನ ಬಾಗಿಲಿನಿಂದ ನಾಲ್ಕು ಹೆಜ್ಜೆಯ ದೂರದಲ್ಲಿ, ಇಷ್ಟು ಪವಿತ್ರವೆಂದು ಜನ ನಂಬಿದ ನೆಲದಲ್ಲಿ, ಒಂದು ಪ್ರಾರ್ಥನೆಯೂ ಇಲ್ಲದೆ ಹೂತ ಇವರು ಯಾರು?

ಉತ್ಖನನದ ಹೊಣೆ ವಿಶ್ವವಿದ್ಯಾಲಯದ ಪುರಾತತ್ವ ಸೇವೆಯ ರಿಚರ್ಡ್ ಆನಿಸ್ ಅವರದಾಗಿತ್ತು. ಎಲುಬುಗಳನ್ನು ಪರೀಕ್ಷಿಸಿದವರು ಆನ್ವೆನ್ ಕ್ಯಾಫೆಲ್, ಕಾಲ ಮತ್ತು ಮೂಲದ ಲೆಕ್ಕ ನೋಡಿದವರು ಆಂಡ್ರ್ಯೂ ಮಿಲರ್ಡ್. ಕ್ರಿಸ್ ಜೆರಾರ್ಡ್ ಮತ್ತು ಪ್ಯಾಮ್ ಗ್ರೇವ್ಸ್ ಜೊತೆಗಿದ್ದರು. ಇವರು ಕೆಲಸ ಮಾಡಿದ ರೀತಿ ನನಗೆ ತುಂಬ ಇಷ್ಟವಾಗುತ್ತದೆ. ಡರ್ಹಮಿನಲ್ಲಿ ಬೆಳೆದ ಯಾರೇ ಆದರೂ ಆ ಎಲುಬು ನೋಡಿದ ಕ್ಷಣವೇ ಒಂದು ಹೆಸರು ಹೇಳಿಬಿಡುತ್ತಿದ್ದರು: ಡನ್‌ಬಾರ್ ಕೈದಿಗಳು. ಊರಿನಲ್ಲಿ ಆ ಕತೆ ಎಲ್ಲರಿಗೂ ಗೊತ್ತು. 1946ರಲ್ಲಿ ಅಲ್ಲೇ ಹತ್ತಿರ ಬಿಸಿನೀರಿನ ಕೊಳವೆ ಹಾಕಲು ಅಗೆದಾಗ ಎಲುಬು ಸಿಕ್ಕಿದ್ದವು, ಅವೂ ಅವರದೇ ಎಂದು ಜನ ನಂಬಿದ್ದರು. ಆದರೆ ತಂಡ ಆ ಹೆಸರನ್ನು ಪಕ್ಕಕ್ಕಿಟ್ಟು, ಬೇರೆ ಯಾರು ಯಾರು ಆಗಿರಬಹುದು ಎಂಬಲ್ಲಿಂದ ಶುರು ಮಾಡಿತು.

ಹಳೆಯ ಮಠದ ಸ್ಮಶಾನದ ಹೆಣಗಳೇ? ಹಾಗಿದ್ದರೆ ಮಲಗಿಸುವ ಕ್ರಮ ಇರಬೇಕಿತ್ತು. ಪ್ಲೇಗಿಗೆ ಸತ್ತವರೇ? ಪ್ಲೇಗು ಹೆಂಗಸು, ಮಗು, ಮುದುಕ ಎಂದು ನೋಡುವುದಿಲ್ಲ. ಇಲ್ಲಿಯಾದರೋ ಗಂಡೋ ಹೆಣ್ಣೋ ಎಂದು ಗುರುತಿಸಲು ಸಾಧ್ಯವಾದವರೆಲ್ಲ ಗಂಡಸರು. ವಯಸ್ಸು ಬಹುಪಾಲು 13ರಿಂದ 25ರೊಳಗೆ. ಹಾಗಾದರೆ ಯುದ್ಧದಲ್ಲಿ ಬಿದ್ದವರೇ? ಕತ್ತಿಯೇಟಾಗಲಿ ಗುಂಡೇಟಾಗಲಿ ಒಂದು ಎಲುಬಿನ ಮೇಲೂ ಕಾಣಲಿಲ್ಲ. ಹದಿಹರೆಯದ, ಪ್ರಾಯದ ಗಂಡುಮಕ್ಕಳು ಒಂದೇ ಕಡೆ, ಒಂದೇ ಹೊತ್ತಿನಲ್ಲಿ, ಗಾಯವಿಲ್ಲದೆ ಸತ್ತಿದ್ದಾರೆ ಎಂದರೆ ಅದಕ್ಕೆ ವಿಶೇಷ ಕಾರಣ ಬೇಕು.

ಕಾಲ ತಿಳಿಯಲು ರೇಡಿಯೊ ಕಾರ್ಬನ್ ಪರೀಕ್ಷೆ ಇದೆ. ಆದರೆ ಹದಿನೈದರಿಂದ ಹದಿನೇಳನೆಯ ಶತಮಾನದ ಎಲುಬಿಗೆ ಅದು ಸಲೀಸಾಗಿ ಉತ್ತರ ಕೊಡುವುದಿಲ್ಲ. ಆ ಅವಧಿಯ ವಾತಾವರಣದಲ್ಲಿ ಕಾರ್ಬನ್ ಏರಿಳಿದ ರೀತಿಯಿಂದಾಗಿ ಬೇರೆ ಬೇರೆ ದಶಕದ ಎಲುಬುಗಳೂ ಒಂದೇ ಅಳತೆ ತೋರಿಸುತ್ತವೆ. ಇಲ್ಲಿ ಕೈಹಿಡಿದದ್ದು ಒಂದು ಚಟ. ಕೆಲವರ ಹಲ್ಲಿನ ಸಾಲಿನಲ್ಲಿ, ಮೇಲಿನ ಮತ್ತು ಕೆಳಗಿನ ಹಲ್ಲು ಕೂಡುವಲ್ಲಿ, ದುಂಡಗಿನ ಸವಕಲು ತೂತು ಕಾಣಿಸಿತು. ಸುಟ್ಟ ಜೇಡಿಮಣ್ಣಿನ ಚುಂಗಾಣಿಯನ್ನು ಸದಾ ಒಂದೇ ಕಡೆ ಕಚ್ಚಿ ಹಿಡಿದರೆ ಅದರ ಒರಟು ಕೊಳವೆ ಸಾಣೆಕಲ್ಲಿನಂತೆ ಹಲ್ಲನ್ನು ತೇಯುತ್ತದೆ. ಬ್ರಿಟನ್ನಿಗೆ ಹೊಗೆಸೊಪ್ಪು ಬಂದದ್ದು ಹದಿನಾರನೆಯ ಶತಮಾನದ ಉತ್ತರಾರ್ಧದಲ್ಲಿ. ಬಡವರ ಬಾಯಿಗೂ ಚುಂಗಾಣಿ ಬಂದದ್ದು 1620ರ ಆಚೆಗೆ. ಎಂದರೆ ಇವರು ಅದಕ್ಕಿಂತ ಮುಂಚೆ ಸತ್ತವರಲ್ಲ. ಈ ಸಂಗತಿಯನ್ನು ಹೊಸ ಕಾರ್ಬನ್ ಅಳತೆಗಳ ಜೊತೆ ಸೇರಿಸಿದಾಗ ಸಾವಿನ ಕಾಲ 1625ರಿಂದ 1660ರ ನಡುವಿಗೆ ಬಂದು ನಿಂತಿತು.

ಇನ್ನು ಊರು. ಹಲ್ಲಿನ ಎನಾಮೆಲ್ ಬಾಲ್ಯದಲ್ಲಿ ಒಮ್ಮೆ ಕಟ್ಟಿಕೊಂಡರೆ ಮತ್ತೆ ಬದಲಾಗುವುದಿಲ್ಲ. ಮಗು ತಿಂದ ಧಾನ್ಯ ಬೆಳೆದ ನೆಲದ ಬಂಡೆಯಿಂದ ಬಂದ ಸ್ಟ್ರಾನ್ಷಿಯಂ, ಕುಡಿದ ನೀರಿನಿಂದ ಬಂದ ಆಮ್ಲಜನಕ, ಎರಡರ ಐಸೊಟೋಪುಗಳೂ ಅದರೊಳಗೆ ಉಳಿದುಬಿಡುತ್ತವೆ. ಬಂಡೆ ಬೇರೆಯಾದರೆ ಸ್ಟ್ರಾನ್ಷಿಯಂ ಬೇರೆ, ಮಳೆಯ ಗುಣ ಬೇರೆಯಾದರೆ ಆಮ್ಲಜನಕ ಬೇರೆ. ಗುಂಡಿಯ ಹುಡುಗರ ಹಲ್ಲುಗಳಲ್ಲಿ ಹಲವು ಸ್ಕಾಟ್ಲೆಂಡಿಗೆ ಹೊಂದಿಕೊಂಡವು. ಕೆಲವು ಉತ್ತರ ಇಂಗ್ಲೆಂಡಿಗೂ ಹೊಂದುವಂತಿದ್ದವು. ಒಂದಿಬ್ಬರ ಅಳತೆ ಸಮುದ್ರದಾಚೆಯ ನೆದರ್‌ಲ್ಯಾಂಡ್ಸ್, ಜರ್ಮನಿಯ ಕಡೆಗೆ ಬೆರಳು ತೋರಿಸಿತು. ಆ ಕಾಲದಲ್ಲಿ ಸಾವಿರಾರು ಸ್ಕಾಟರು ಯೂರೋಪಿನ ದೊರೆಗಳ ಸೈನ್ಯದಲ್ಲಿ ಸಂಬಳಕ್ಕೆ ದುಡಿಯುತ್ತಿದ್ದುದನ್ನು ನೆನೆದರೆ ಇದರಲ್ಲಿ ಆಶ್ಚರ್ಯವಿಲ್ಲ.

ಪ್ರಾಯದ ಗಂಡಸರು, ಗಾಯವಿಲ್ಲದ ಸಾಮೂಹಿಕ ಸಾವು, 1625–1660, ಸ್ಕಾಟ್ಲೆಂಡ್. ನಾಲ್ಕೂ ಕೂಡುವ ಘಟನೆ ಡರ್ಹಮಿನ ಚರಿತ್ರೆಯಲ್ಲಿ ಒಂದೇ ಇದೆ. 2015ರ ಸೆಪ್ಟೆಂಬರಿನಲ್ಲಿ ತಂಡ ಆ ಹೆಸರನ್ನು ಲೋಕಕ್ಕೆ ಹೇಳಿತು. ಊರಿನವರು ಮೊದಲೇ ಹೇಳುತ್ತಿದ್ದ ಹೆಸರೇ ಅದು. ಸುಮಾರು ಎರಡು ವರ್ಷ ತೆಗೆದುಕೊಂಡು ಅಲ್ಲಿಗೇ ಬಂದದ್ದು ವ್ಯರ್ಥವೆಂದು ನಾನು ಹೇಳಲಾರೆ. ಈಗ ಅದು ಬರೀ ಊರ ಮಾತಾಗಿ ಉಳಿಯಲಿಲ್ಲ.

1650ರ ಸೆಪ್ಟೆಂಬರ್ 3ರ ಬೆಳಗಿನ ಜಾವ, ಸ್ಕಾಟ್ಲೆಂಡಿನ ಪೂರ್ವ ಕರಾವಳಿಯ ಡನ್‌ಬಾರಿನಲ್ಲಿ ಆಲಿವರ್ ಕ್ರಾಮ್‌ವೆಲ್ಲನ ಇಂಗ್ಲಿಷ್ ಸೈನ್ಯ ಡೇವಿಡ್ ಲೆಸ್ಲಿಯ ಸ್ಕಾಟಿಷ್ ಸೈನ್ಯದ ಮೇಲೆ ಬಿತ್ತು. ಇಂಗ್ಲೆಂಡಿನವರು ದೊರೆ ಒಂದನೆಯ ಚಾರ್ಲ್ಸನ ತಲೆ ತೆಗೆದಿದ್ದರು, ಸ್ಕಾಟರು ಅವನ ಮಗನನ್ನು ದೊರೆಯೆಂದು ಸಾರಿದ್ದರು. ಜಗಳದ ಮೂಲ ಇಷ್ಟು. ಯುದ್ಧಕ್ಕೆ ಮುಂಚೆಯೇ ಸ್ಕಾಟ್ಲೆಂಡಿನ ಚರ್ಚ್ ಮುಖಂಡರು ಭಕ್ತಿ ಸಾಲದೆಂದು ಸಾವಿರಾರು ಅನುಭವಿ ಸೈನಿಕರನ್ನು ಹೊರಹಾಕಿದ್ದರು. ಉಳಿದವರಲ್ಲಿ ಅನೇಕರು ಹೊಲದಿಂದ ನೇರವಾಗಿ ಎಳೆದುತಂದ ಹುಡುಗರು. ರಾತ್ರಿಯಿಡೀ ಮಳೆ ಸುರಿದಿತ್ತು. ಕೆಲವೇ ಗಂಟೆಗಳಲ್ಲಿ ಎಲ್ಲವೂ ಮುಗಿದಿತ್ತು.

ಸೆರೆಸಿಕ್ಕ ಸಾವಿರಾರು ಜನರಲ್ಲಿ ಗಾಯಗೊಂಡವರನ್ನು, ಕಾಯಿಲೆಯವರನ್ನು ಬಿಟ್ಟು ಉಳಿದ ಸುಮಾರು 4,000 ಮಂದಿಯನ್ನು ದಕ್ಷಿಣಕ್ಕೆ ನಡೆಸಿದರು. ಡರ್ಹಮಿಗೆ ಸುಮಾರು 100 ಮೈಲಿ. ಇವರಿಗೆ ಏನಾಯಿತೆಂದು ನಮಗೆ ತಿಳಿಯುವುದು ಮುಖ್ಯವಾಗಿ ಒಂದೇ ಕಾಗದದಿಂದ. ನ್ಯೂಕ್ಯಾಸಲಿನ ಗವರ್ನರ್ ಸರ್ ಆರ್ಥರ್ ಹೇಸಲ್‌ರಿಗ್ 1650ರ ಅಕ್ಟೋಬರ್ 31ರಂದು ಲಂಡನ್ನಿನ ಆಡಳಿತ ಮಂಡಳಿಗೆ ಬರೆದ ಪತ್ರ ಅದು. ಮಾರ್ಪೆತ್ ಊರಿನಲ್ಲಿ ಕೈದಿಗಳನ್ನು ರಾತ್ರಿ ಗೋಡೆಯೊಳಗಿನ ತೋಟವೊಂದಕ್ಕೆ ಬಿಟ್ಟರಂತೆ. ಸುಮಾರು ಎಂಟು ದಿನ ಹೊಟ್ಟೆಗಿಲ್ಲದವರು ಅಲ್ಲಿಯ ಹಸಿ ಎಲೆಕೋಸನ್ನು ಬೇರುಸಮೇತ ತಿಂದರಂತೆ. ನ್ಯೂಕ್ಯಾಸಲಿನ ದೊಡ್ಡ ಚರ್ಚಿನಲ್ಲಿ ಕೂಡಿಹಾಕಿದ ಮರುದಿನ ಬೆಳಿಗ್ಗೆ 140 ಮಂದಿ ಏಳಲಾರದೆ ಬಿದ್ದಿದ್ದರು. ರಕ್ತಭೇದಿ ಹತ್ತಿತ್ತು. ಡರ್ಹಮ್ ಕೆಥೆಡ್ರಲಿನೊಳಗೆ ಎಣಿಸಿ ಬಿಟ್ಟದ್ದು 3,000 ಜನ. ಪತ್ರ ಬರೆಯುವ ಹೊತ್ತಿಗೆ ಅವರಲ್ಲಿ 1,600 ಜನ ಸತ್ತಿದ್ದರು.

ಈ ಪತ್ರವನ್ನು ಎಚ್ಚರದಿಂದ ಓದಬೇಕು. ತಾನು ಎಲೆಕೋಸು, ಓಟ್ಸ್ ಹಿಟ್ಟು, ದನದ ಮಾಂಸ ಹಾಕಿ ಬೇಯಿಸಿದ ಅಂಬಲಿ ಕೊಟ್ಟೆ, ಕಲ್ಲಿದ್ದಲು ಕೊಟ್ಟೆ, ಆದರೂ ಸತ್ತರು ಎಂದು ಅವನು ಸಮಜಾಯಿಷಿ ಹೇಳುತ್ತಿದ್ದಾನೆ. ಆದರೆ ಕೈದಿಗಳು ಚಳಿ ತಡೆಯಲಾರದೆ ಕೆಥೆಡ್ರಲಿನ ಮರಗೆಲಸವನ್ನೆಲ್ಲ ಸುಟ್ಟರೆಂದು ಡರ್ಹಮಿನವರು ಇಂದಿಗೂ ಹೇಳುತ್ತಾರೆ. ಒಳಗಿನ ದೊಡ್ಡ ಗಡಿಯಾರ ಉಳಿದದ್ದು ಅದರ ಮೇಲೆ ಸ್ಕಾಟ್ಲೆಂಡಿನ ಗುರುತಾದ ಥಿಸಲ್ ಹೂ ಕೆತ್ತಿದ್ದರಿಂದ ಎಂಬ ಮಾತೂ ಇದೆ. ಕಲ್ಲಿದ್ದಲು ಸಾಕಷ್ಟು ಬಂದಿದ್ದರೆ ಯಾರೂ ಕುರ್ಚಿ ಬೆಂಚು ಸುಡುವುದಿಲ್ಲ. ಇನ್ನೊಂದು ಲೆಕ್ಕವನ್ನು ನಾವೇ ಹಾಕಿ ನೋಡಬಹುದು. ಕೈದಿಗಳು ಡರ್ಹಮ್ ಮುಟ್ಟಿದ್ದು ಸೆಪ್ಟೆಂಬರ್ 11ರಂದು. ಪತ್ರದ ತಾರೀಖಿಗೆ 50 ದಿನ. 1,600 ಸಾವು ಎಂದರೆ ದಿನಕ್ಕೆ ಸರಾಸರಿ ಮೂವತ್ತಕ್ಕೂ ಹೆಚ್ಚು. ಅಂಗಳದ ಎರಡು ಗುಂಡಿಗಳಲ್ಲಿ ಸಿಕ್ಕಿದವರೆಲ್ಲ ಸೇರಿದರೂ ಒಂದು ದಿನದ ಹೆಣಗಳಾಗುವುದಿಲ್ಲ.

ಹೇಸಲ್‌ರಿಗ್ ತಲೆ ಎಣಿಸಿದ, ಹೆಸರು ಬರೆಯಲಿಲ್ಲ. ಇವರ ಬದುಕು ಹೇಗಿತ್ತೆಂಬ ಕುತೂಹಲ ಅವನಿಗಿರಲಿಲ್ಲ. ಸ್ಕಾಟ್ಲೆಂಡಿನ ಕಡತಗಳಲ್ಲೂ ಇಂಥವರು ಅಪರೂಪ. ಜಮೀನುದಾರನ ಪತ್ರಗಳು ಉಳಿಯುತ್ತವೆ, ಅವನ ಹೊಲದಲ್ಲಿ ಗುಡಿಸಲು ಕಟ್ಟಿಕೊಂಡು ಓಟ್ಸ್ ಕೊಯ್ದ ಕೂಲಿಯವನ ಮಗ ಕಾಗದಕ್ಕೆ ಬರುವುದು ಚರ್ಚಿನಲ್ಲಿ ಹೆಸರಿಟ್ಟಾಗಲೋ, ತಪ್ಪು ಮಾಡಿ ಸಿಕ್ಕಿಬಿದ್ದಾಗಲೋ. ಈ ಕಾರಣಕ್ಕೇ ಆ ಹಲ್ಲುಗಳು ಅಷ್ಟು ಮುಖ್ಯ. ಅನೇಕರ ಎನಾಮೆಲ್ ಮೇಲೆ ಅಡ್ಡ ಗೆರೆಗಳಿದ್ದವು. ಮಗುವಿಗೆ ಊಟ ತಪ್ಪಿದಾಗ, ದೊಡ್ಡ ಕಾಯಿಲೆ ಬಂದಾಗ ಎನಾಮೆಲ್ ಬೆಳೆಯುವುದು ನಿಂತು, ಚೇತರಿಸಿಕೊಂಡ ಮೇಲೆ ಮತ್ತೆ ಶುರುವಾಗುತ್ತದೆ. ನಿಂತ ಜಾಗ ಗೆರೆಯಾಗಿ ಉಳಿಯುತ್ತದೆ. ಎಲುಬುಗಳಲ್ಲಿ ಪೋಷಣೆಯ ಕೊರತೆಯಿಂದ ಬರುವ ರಿಕೆಟ್ಸ್ ಮತ್ತು ಸ್ಕರ್ವಿಯ ಗುರುತುಗಳೂ ಇದ್ದವು. 1620, 1630ರ ದಶಕಗಳ ಸ್ಕಾಟಿಷ್ ಬಾಲ್ಯದ ಬಗ್ಗೆ ಇದಕ್ಕಿಂತ ನೇರವಾದ ಸಾಕ್ಷ್ಯ ಬೇರೆ ಯಾವುದಿದೆ? ಡನ್‌ಬಾರಿಗೆ ಹೋಗುವ ಮೊದಲೇ ಈ ಹುಡುಗರು ಹಸಿವನ್ನು ಬಲ್ಲವರು.

ಅವರಲ್ಲೊಬ್ಬನಿಗೆ ಈಗ ಮುಖವಿದೆ. 22ನೆಯ ಸಂಖ್ಯೆಯ ಅಸ್ಥಿಪಂಜರ ಅವನದು. ವಯಸ್ಸು 18ರಿಂದ 25ರೊಳಗೆ. ಹಲ್ಲಿನ ಪ್ರಕಾರ 1630ರ ದಶಕದಲ್ಲಿ ನೈಋತ್ಯ ಸ್ಕಾಟ್ಲೆಂಡಿನಲ್ಲಿ ಬೆಳೆದವನು, ಬಾಲ್ಯದಲ್ಲಿ ಮತ್ತೆ ಮತ್ತೆ ಹೊಟ್ಟೆಗಿಲ್ಲದೆ ಕಳೆದವನು. ಲಿವರ್‌ಪೂಲಿನ ತಜ್ಞರು ತಲೆಬುರುಡೆಯ ಅಳತೆಯಿಂದ ಅವನ ಮುಖ ರಚಿಸಿ, ಆ ಕಾಲದ ಸ್ಕಾಟಿಷ್ ಸೈನಿಕರು ತೊಡುತ್ತಿದ್ದ ನೀಲಿ ಟೋಪಿ ಹಾಕಿಸಿದರು. ಹೆಸರು ಮಾತ್ರ ಯಾವ ವಿಜ್ಞಾನಕ್ಕೂ ಸಿಗದು.

ಬದುಕಿ ಉಳಿದವರಲ್ಲಿ ಕೆಲವರ ಹೆಸರು ಸಿಗುತ್ತದೆ, ಅವರನ್ನು ಮಾರಿದ್ದರಿಂದ. ಕೆಲವರನ್ನು ಟೈನ್ ನದಿಯ ಮುಖದ ಉಪ್ಪಿನ ಬಟ್ಟಿಗಳಿಗೆ, ಕೆಲವರನ್ನು ನೇಯ್ಗೆಗೆ, ಕೆಲವರನ್ನು ಪೂರ್ವ ಇಂಗ್ಲೆಂಡಿನ ಜೌಗುನೆಲ ಒಣಗಿಸುವ ಕೆಲಸಕ್ಕೆ ಹಚ್ಚಿದರು. 150 ಮಂದಿಯನ್ನು ‘ಯೂನಿಟಿ’ ಎಂಬ ಹಡಗಿನಲ್ಲಿ ಅಮೆರಿಕಕ್ಕೆ ಕಳಿಸಿದರು. ಅವರಲ್ಲಿ ಸುಮಾರು 60 ಮಂದಿ ಮ್ಯಾಸಚೂಸೆಟ್ಸಿನ ಸಾಗಸ್ ಕಬ್ಬಿಣದ ಕಾರ್ಖಾನೆಗೆ ಹೋದರು, ಕೆಲವರು ಈಗಿನ ಮೇನ್ ರಾಜ್ಯದ ಮರ ಕೊಯ್ಯುವ ಮಿಲ್ಲಿಗೆ. ಆರೆಂಟು ವರ್ಷದ ಜೀತ. 1654ರ ಕೋರ್ಟಿನ ದಾಖಲೆಯೊಂದರಲ್ಲಿ ಅಲೆಗ್ಸಾಂಡರ್ ಮ್ಯಾಕ್ಸ್‌ವೆಲ್ ಎಂಬ ಸ್ಕಾಟನಿಗೆ ಯಜಮಾನ ಜಾರ್ಜ್ ಲೀಡರನ ವಿರುದ್ಧ ನಡೆದುಕೊಂಡದ್ದಕ್ಕೆ 30 ಛಡಿಯೇಟು ಎಂದು ಬರೆದಿದೆ. ಜೀತ ಮುಗಿಸಿದವರು ಅಲ್ಲೇ ಭೂಮಿ ಮಾಡಿಕೊಂಡು ನೆಲೆನಿಂತರು. ಅವರ ವಂಶದವರು ಅಮೆರಿಕದಲ್ಲಿ ಇಂದಿಗೂ ಇದ್ದಾರೆ. ಡರ್ಹಮಿನ ಸುದ್ದಿ ಕೇಳಿ ಎಲ್ಲರಿಗಿಂತ ಹೆಚ್ಚು ಆಸ್ಥೆಯಿಂದ ವಿಚಾರಿಸಿದವರಲ್ಲಿ ಅವರೂ ಇದ್ದರು.

ಎಲುಬುಗಳನ್ನು ಸ್ಕಾಟ್ಲೆಂಡಿಗೆ ಒಯ್ಯಬೇಕೆಂದು ಕೆಲವರು ಒತ್ತಾಯಿಸಿದರು. ಅವರ ಸಂಕಟ ಸರಿಯಾದದ್ದೇ. ಆದರೆ ಜೊತೆಗೆ ಸತ್ತವರು ಇನ್ನೂ ಡರ್ಹಮಿನ ನೆಲದಲ್ಲೇ ಇರುವಾಗ ಇವರನ್ನಷ್ಟೇ ಬೇರ್ಪಡಿಸಿ ಒಯ್ಯದಿದ್ದುದೇ ಒಳ್ಳೆಯದಾಯಿತೆಂದು ನನಗನ್ನಿಸುತ್ತದೆ. 2018ರ ಮೇ 18ರಂದು ಡರ್ಹಮಿನ ಎಲ್ವೆಟ್ ಹಿಲ್ ಸ್ಮಶಾನದಲ್ಲಿ ಅವರನ್ನು ಮಣ್ಣು ಮಾಡಿದರು. ಗುಂಡಿಗೆ ಸ್ಕಾಟ್ಲೆಂಡಿನ ಮಣ್ಣು ಹಾಕಿದರು. 368 ವರ್ಷ ತಡವಾಗಿ ಅವರಿಗಾಗಿ ಪ್ರಾರ್ಥನೆ ನಡೆಯಿತು. ಮುಂದಿನ ಸಂಶೋಧನೆಗೆಂದು ಸ್ವಲ್ಪ ಮಾದರಿಗಳನ್ನು ಮಾತ್ರ ಇಟ್ಟುಕೊಂಡರು.

ಡರ್ಹಮಿನಲ್ಲಿ ಸತ್ತ ಸ್ಕಾಟಿಷ್ ಕೈದಿಗಳು ಸುಮಾರು 1,700. ಸಿಕ್ಕಿದವರು ಮೂವತ್ತಕ್ಕೂ ಕಡಿಮೆ. 1650ರಲ್ಲಿ ಬಯಲಾಗಿದ್ದ ಜಾಗದ ಮೇಲೆ ಈಗ ವಿಶ್ವವಿದ್ಯಾಲಯದ ಕಟ್ಟಡಗಳಿವೆ. ಉಳಿದವರಲ್ಲಿ ಅನೇಕರು ಅವುಗಳ ಕೆಳಗೇ ಇರಬಹುದೆಂಬುದು ಅಗೆದವರ ಅಭಿಪ್ರಾಯ.